ಕತ್ತಿ ಮರೆತು ಬಂದವನು

ನಾಶಿಕದಲ್ಲಿ ಮೂರು ದಿನದಿಂದ ಮಳೆ ಹಿಡಿದಿದೆ. ನಾನು ಇಲ್ಲಿದ್ದೇನೆ, ನನ್ನ ಛತ್ರಿ ನಾಲ್ಕೂವರೆ ತಾಸಿನ ಬಸ್ಸಿನ ದಾರಿಯಾಚೆ, ಸಂಭಾಜಿನಗರದ ಅಕ್ಕನ ಮನೆಯಲ್ಲಿದೆ. ತಲೆಯ ಮೇಲೆ ಪ್ಲಾಸ್ಟಿಕ್ ಚೀಲ ಹೊದ್ದು ಹಾಲು ತಂದ ನನ್ನನ್ನು ಹೆಂಡತಿ ಬಾಗಿಲಲ್ಲೇ ತಡೆದು ಕೇಳಿದಳು.

"ಪೇಟ್ಯಾಗ ಛತ್ರಿ ಸಿಗಂಗಿಲ್ಲೇನ್ರಿ? ಒಂದು ಹೊಸಾದು ತಗೊಂಡ್ರ ನಿಮ್ಮ ಸಂಸ್ಥಾನ ಮುಳುಗ್ತದೇನು?"

"ಆ ಛತ್ರಿನೇ ಬ್ಯಾರೆ," ಅಂದೆ.

"ಬ್ಯಾರೆ ಅಂತನೇ ನಾಕ ಸಲ ಹೋದ್ರಿ, ನಾಕ ಸಲ ಬರೇ ಕೈಲೆ ಬಂದ್ರಿ."

ಈ ಮಾತಿಗೆ ನನ್ನ ಹತ್ತಿರ ಉತ್ತರವಿದೆ. ಆದರೆ ಹೆಂಡತಿಗೆ ಹೇಳುವಂತಿಲ್ಲ. ಹೇಳಿದರೆ ಸಂಜೆಯೊಳಗೆ ಬೀಗರಿಗೆಲ್ಲ ಸುದ್ದಿ ಮುಟ್ಟುತ್ತದೆ. ನಿಮಗೆ ಹೇಳಬಹುದು. ಮಾತು ಛತ್ರಿಯಿಂದ ಶುರುವಾದರೂ ಜಪಾನಿಗೆ ಹೋಗಿ, ಭಾಲ್ಕಿಯ ಜೋಳದ ಚೀಲ ಮುಟ್ಟಿ ಬರಬೇಕಾಗುತ್ತದೆ. ಸಾವಕಾಶವಾಗಿ ಕೂತುಕೊಳ್ಳಿ.

ಮೊದಲು ಛತ್ರಿ. ನಾನು ಇಗತಪುರಿಯಲ್ಲಿ ರೈಲ್ವೆ ಗುಮಾಸ್ತನಾಗಿದ್ದವನು. ಆ ಊರಿನ ಮಳೆ ಮೇಲಿನಿಂದ ಮಾತ್ರ ಬೀಳುವುದಿಲ್ಲ, ಎಡಬಲದಿಂದಲೂ ಬರುತ್ತದೆ. ಅಲ್ಲಿ ಹೋದ ಮೊದಲ ವಾರ ಕೊಂಡದ್ದು ಈ ಛತ್ರಿ: ದಪ್ಪ ಕರಿ ಬಟ್ಟೆ, ಕಬ್ಬಿಣದ ಕಡ್ಡಿ, ಬಾಗಿದ ಬಿದಿರಿನ ಹಿಡಿಕೆ. ಬಟ್ಟೆ ಮೂರು ಸಲ ಬದಲಾಗಿದೆ, ಕಡ್ಡಿಗಳು ಎಷ್ಟು ಸಲವೋ. ಹಿಡಿಕೆ ಮಾತ್ರ ಮೂಲದ್ದು. ಹೀಗಿರುವಾಗ ಅದು ಹಳೆಯ ಛತ್ರಿಯೋ ಹೊಸ ಛತ್ರಿಯೋ ಎಂದು ತರ್ಕ ತೆಗೆಯುವವರಿಗೆ, ನನ್ನ ಹಲ್ಲು, ಮೊಣಕಾಲು, ಕಣ್ಣಿನ ಮಸೂರ ಎಲ್ಲ ಬದಲಾದ ಮೇಲೂ ಪೆನ್ಶನ್ನು ನನ್ನ ಹೆಸರಿಗೇ ಬರುತ್ತದೆ ಎಂದು ಉತ್ತರ ಕೊಡುತ್ತೇನೆ.

ಆ ಮೊಣಕಾಲಿನಿಂದಲೇ ಜಪಾನು ನಮ್ಮ ಮನೆಗೆ ಬಂದದ್ದು. ಶಸ್ತ್ರಕ್ರಿಯೆ ಮುಗಿಸಿ ಕಾಲು ಚಾಚಿ ಮಲಗಿದ್ದಾಗ, ಅಕ್ಕನ ಮೊಮ್ಮಗಳು ಋತುಜಾ ಫೋನಿಗೆ ಒಂದು ಸಿನಿಮಾ ಕಳಿಸಿದಳು. ಅವಳು ಸಂಭಾಜಿನಗರದಲ್ಲಿ ಕಾಲೇಜು ಓದುತ್ತಾಳೆ. ಅಲ್ಲಿ ಹಳೆಯ ಚಿತ್ರ ನೋಡುವ ಹುಡುಗರ ಒಂದು ಕೂಟವಿದೆ, ಅದರ ಮುಂದಾಳು. ನಾವು ಕನ್ನಡದಲ್ಲಿ ಕೇಳಿದರೆ ಅವಳು ಮರಾಠಿಯಲ್ಲಿ ಉತ್ತರಿಸುತ್ತಾಳೆ. ಅರ್ಥವಾಗದ ಕನ್ನಡವಿಲ್ಲ, ಬಾಯಿಂದ ಮಾತ್ರ ಹೊರಡುವುದಿಲ್ಲ.

ಅವಳು ಕಳಿಸಿದ್ದು ಜಪಾನಿನ ಮೂಕಿ ಚಿತ್ರ. ಕತ್ತಿವೀರರ ಕತೆ. ಮುಂದಲೆ ಬೋಳಿಸಿ ಹಿಂದಿನ ಕೂದಲನ್ನು ನೆತ್ತಿಯ ಮೇಲೆ ಗಂಟು ಹಾಕಿದ ಗಂಡಸರು, ಮುಖಕ್ಕೆ ಸುಣ್ಣ ಬಳಿದಷ್ಟು ಬಿಳುಪು, ಕಾಡಿಗೆ ಹಚ್ಚಿದ ಕಣ್ಣು. ಒಬ್ಬ ನಾಯಕ, ಅವನನ್ನು ಹಿಡಿಯಲು ಲಾಂದ್ರ, ಹಗ್ಗ, ಏಣಿ ಹೊತ್ತು ಬರುವ ಐವತ್ತು ಸಿಪಾಯಿಗಳು. ಒಬ್ಬನನ್ನು ಹಿಡಿಯಲು ಏಣಿ ಯಾಕೆ ಎಂದು ನಾನು ಎರಡು ದಿನ ಯೋಚಿಸಿದೆ. ಕೊನೆಗೆ ತಿಳಿಯಿತು, ನಾಲ್ಕು ಏಣಿಗಳನ್ನು ಅಡ್ಡಡ್ಡ ಹಿಡಿದು ಅವನನ್ನು ನಡುವೆ ಸಿಕ್ಕಿಸುತ್ತಾರೆ. ನಮ್ಮ ಓಣಿಯಲ್ಲಿ ಬೀದಿ ಎತ್ತನ್ನು ಹಿಡಿಯುವುದೂ ಹೆಚ್ಚು ಕಡಿಮೆ ಹೀಗೆಯೇ.

ಒಂದು ನೋಡಿದ ಮೇಲೆ ಇನ್ನೊಂದು, ಮತ್ತೊಂದು. ಮಾತಿಲ್ಲದ್ದರಿಂದ ಹೆಂಡತಿಯ ಧಾರಾವಾಹಿಗೂ ಅಡ್ಡಿಯಿಲ್ಲ. ನಡುನಡುವೆ ಪರದೆಯ ಮೇಲೆ ಜಪಾನಿ ಅಕ್ಷರಗಳು ಬರುತ್ತವೆ. ನಾನು ಓದಿದವನಂತೆ ತಲೆದೂಗಿ ಮುಂದೆ ಹೋಗುತ್ತೇನೆ. ಕಾಲು ನೆಟ್ಟಗಾಗುವ ಹೊತ್ತಿಗೆ ನಾನೂ ಅರ್ಧ ಕತ್ತಿವೀರನಾಗಿದ್ದೆ. ಛತ್ರಿಯನ್ನು ಎಡಸೊಂಟಕ್ಕೆ ಸಿಕ್ಕಿಸಿಕೊಂಡು, ಬಲಗೈಯಿಂದ ಸರ್ರನೆ ಹಿರಿದು, ಬಾಲ್ಕನಿಯ ತೊಂಡೆಬಳ್ಳಿಯ ಮುಂದೆ ಒಂದು ಕ್ಷಣ ಕಣ್ಣು ಕೆಕ್ಕರಿಸಿ ನಿಲ್ಲುವುದು ನಿತ್ಯದ ರೂಢಿಯಾಯಿತು.

"ಬಳ್ಳಿ ಕಡಿದ್ರ ಪಲ್ಯ ನೀವೇ ತರಬೇಕ್ರಿ," ಎಂದಿಷ್ಟೇ ಹೇಳಿ ಹೆಂಡತಿ ಒಳಗೆ ಹೋದಳು. ಮದುವೆಯಾಗಿ ಮೂವತ್ತೇಳು ವರ್ಷವಾದವಳಿಗೆ ಇನ್ನು ಯಾವುದೂ ಹೊಸದಲ್ಲ.

ಋತುಜಾ ಇನ್ನೊಂದು ಸಂಗತಿ ಹೇಳಿದಳು. ಆ ಕಾಲದಲ್ಲಿ ಜಪಾನಿನ ಥಿಯೇಟರುಗಳಲ್ಲಿ ಚಿತ್ರವಷ್ಟೇ ಮೂಕ, ಥಿಯೇಟರು ಮೂಕವಾಗಿರಲಿಲ್ಲವಂತೆ. ಪರದೆಯ ಪಕ್ಕ ಒಬ್ಬ ನಿಂತು ಇಡೀ ಕತೆ ಹೇಳುತ್ತಿದ್ದ. ನಾಯಕನ ಗರ್ಜನೆ, ನಾಯಕಿಯ ಅಳು, ಮುದುಕಿಯ ಕೆಮ್ಮು ಎಲ್ಲ ಅವನ ಗಂಟಲಿನಿಂದಲೇ. ಅಂಥವನಿಗೆ ಬೆನ್ಶಿ ಎಂದು ಹೆಸರು. ಜನ ನಟರನ್ನು ನೋಡಲು ಬರುವಷ್ಟೇ ಅವನನ್ನು ಕೇಳಲೂ ಬರುತ್ತಿದ್ದರು.

ಇದನ್ನು ಕೇಳಿದಾಗ ನನಗೆ ನೆನಪಾದದ್ದು ಅಕ್ಕ. ಅವಳು ಜಪಾನಿನಲ್ಲಿ ಹುಟ್ಟಿದ್ದರೆ ಊರಿನ ಬೆನ್ಶಿಗಳೆಲ್ಲ ಬೇರೆ ಉದ್ಯೋಗ ನೋಡಿಕೊಳ್ಳಬೇಕಾಗುತ್ತಿತ್ತು.

ನಾವು ಬೆಳೆದದ್ದು ಮನ್ಮಾಡಿನ ರೈಲ್ವೆ ಚಾಳಿನಲ್ಲಿ. ಅಪ್ಪ ಅಲ್ಲಿ ಹಳಿ ಬದಲಿಸುವ ಪಾಯಿಂಟ್ಸ್‌ಮನ್. ಭಾಲ್ಕಿಯ ಕಡೆಯ ನಮ್ಮ ಹೊಲದಿಂದ ವರ್ಷಕ್ಕೆ ಎರಡು ಸಲ ಜೋಳದ ಚೀಲ ರೈಲಿನಲ್ಲಿ ಬರುತ್ತಿತ್ತು. ಅದನ್ನು ಹಸನು ಮಾಡುವುದು, ಅಂದರೆ ಕಲ್ಲು ಕಡ್ಡಿ ಆರಿಸುವುದು, ನನ್ನ ಮತ್ತು ಅಕ್ಕನ ಪಾಲಿನ ಕೆಲಸ. ನನಗಿಂತ ಅವಳು ಹತ್ತು ವರ್ಷ ದೊಡ್ಡವಳು. ಮಧ್ಯಾಹ್ನ ಉಂಡ ಮೇಲೆ ಮೊರ ಮುಂದಿಟ್ಟುಕೊಂಡು ಕೂತರೆ ನನ್ನ ಕಣ್ಣು ತಾನಾಗಿ ಮುಚ್ಚುತ್ತಿತ್ತು. ಮುಚ್ಚದಂತೆ ಅಕ್ಕ ಕತೆ ಹೇಳುತ್ತಿದ್ದಳು. ಕತೆಗೆ ಒಂದೇ ಕರಾರು: ಮಾತುಮಾತಿಗೆ ನಾನು ಹೂಂ ಅನ್ನಬೇಕು. ಹೂಂ ನಿಂತರೆ ಕತೆಯೂ ನಿಲ್ಲುತ್ತದೆ. ಎಲ್ಲಿ ನಿಂತಿತ್ತೋ ಅಲ್ಲಿಂದಲೇ ಮರುದಿನ ಶುರು.

"ಹೂಂ ಇಲ್ದ ಕತಿ ಹೇಳಿದ್ರ ಗ್ವಾಡಿಗಿ ಹೇಳ್ದಂಗ," ಅನ್ನುತ್ತಿದ್ದಳು. "ಗ್ವಾಡಿ ಕತಿ ಕೇಳಿ ಜ್ವಾಳ ಹಸನ ಮಾಡ್ತದೇನು?"

ಈಗ ಯೋಚಿಸಿದರೆ ತಿಳಿಯುತ್ತದೆ, ಜೋಳದಲ್ಲಿ ಮುಕ್ಕಾಲು ಪಾಲು ನಾನೇ ಆರಿಸುತ್ತಿದ್ದೆ. ಅವಳು ಕೈ ಆಡಿಸುತ್ತ ರಾಜರನ್ನೂ ರಾಕ್ಷಸರನ್ನೂ ಆಳುತ್ತಿದ್ದಳು. ಆ ಹೂಂ ನನಗೆ ಜನ್ಮದ ಚಾಳಿಯಾಗಿ ಅಂಟಿತು. ಕಚೇರಿಯಲ್ಲಿ ಸಾಹೇಬರು ಬೈಯುವಾಗಲೂ ನಾನು ಹೂಂ, ಹೂಂ ಅನ್ನುತ್ತಿದ್ದೆ. ಅವರಿಗೆ ಮುಂದುವರಿಸಲು ಹುರುಪು ಬರುತ್ತಿತ್ತು.

ಅವಳ ಕತೆಗಳಲ್ಲಿ ಒಂದು ಮಾತ್ರ ಮುಗಿಯಲಿಲ್ಲ. ಅದು ಪುರವಂತನ ಕತೆ. ನಮ್ಮ ಕಡೆ ಮದುವೆಗೆ ಗುಗ್ಗಳ ಹೊರಡಿಸುತ್ತಾರೆ. ಬೆಂಕಿಯ ಗಡಿಗೆ, ಗುಗ್ಗುಳದ ಹೊಗೆ, ಡೋಲು. ಎಲ್ಲಕ್ಕಿಂತ ಮುಂದೆ ಕಾವಿ ಉಟ್ಟ ಪುರವಂತ, ಕತ್ತಿ ಹಿರಿದು ವೀರಭದ್ರನ ಒಡಪು ಹೇಳುತ್ತ ಕುಣಿಯುತ್ತಾನೆ. ಅಕ್ಕನ ಕತೆಯ ಪುರವಂತ ಅವಸರದಲ್ಲಿ ಮದುವೆಗೆ ಹೊರಟವನು ಅರ್ಧ ದಾರಿಯಲ್ಲಿ ನೋಡಿಕೊಂಡರೆ ಒರೆ ಖಾಲಿ. ಕತ್ತಿ ಎಲ್ಲೋ ಮರೆತುಬಂದಿದ್ದಾನೆ. ಅತ್ತ ಗುಗ್ಗಳ ಅವನಿಗಾಗಿ ಕಾದಿದೆ. ಇತ್ತ ಕತ್ತಿ ಹುಡುಕಲು ಹಿಂದಿರುಗಿದರೆ ಊರೂರಲ್ಲೂ ಜನ ಉಂಡೇ ಹೋಗಬೇಕೆಂದು ಕೈ ಹಿಡಿದು ಎಳೆಯುತ್ತಾರೆ. ಕತ್ತಿ ಎಲ್ಲಿ ಉಳಿಯಿತು ಎನ್ನುವ ಮೊದಲೇ ನಾನು ತೂಕಡಿಸಿದೆ. ಮರುದಿನ ಚೀಲ ಖಾಲಿಯಾಗಿತ್ತು. ಮುಂದಿನ ಚೀಲ ಬರುವಷ್ಟರಲ್ಲಿ ಅಕ್ಕನ ಮದುವೆಯಾಗಿ ಅವಳು ಔರಂಗಾಬಾದಿಗೆ ಹೋದಳು. ಬಸ್ಸಿನ ಬೋರ್ಡಿನ ಮೇಲೆ ಈಗ ಸಂಭಾಜಿನಗರ ಎಂಬ ಹೊಸ ಹೆಸರಿದೆ. ಅಕ್ಕನ ನಾಲಿಗೆಯ ಮೇಲೆ ಇನ್ನೂ ಹಳೆಯದೇ.

ಮುಂದೆ ಅವಳು ತನ್ನ ಮಕ್ಕಳಿಗೆ, ಮೊಮ್ಮಗಳಿಗೆ, ಫೋನು ಬಂದ ಮೇಲೆ ವಾರವಾರ ನನಗೆ, ಹೀಗೆ ಕತೆ ಹೇಳುತ್ತಲೇ ಇದ್ದಳು. ಆರು ವರ್ಷದ ಹಿಂದೆ ಕಿವಿ ಮಂದವಾಗತೊಡಗಿತು. ಈಗ ಪೂರಾ ಹೋಗಿದೆ. ಮಗ ಒಳ್ಳೆಯ ಯಂತ್ರವನ್ನೇ ತಂದುಕೊಟ್ಟ. ಅದು ವಿಭೂತಿ ಕರಡಿಗೆಯ ಪಕ್ಕ ಡಬ್ಬಿಯಲ್ಲಿದೆ.

"ಅದರಾಗ ಊರಿನ ಗದ್ಲೆಲ್ಲ ಕೇಳಿಸ್ತದ, ಎದುರಿಗಿ ಕೂತವ್ರ ಮಾತೊಂದು ಬಿಟ್ಟು," ಎಂದು ಅದನ್ನು ಮುಚ್ಚಿಟ್ಟಳು.

ಕಿವಿ ಹೋದದ್ದಕ್ಕಿಂತ ನನ್ನನ್ನು ನೋಯಿಸಿದ್ದು ಬೇರೆ. ಅಕ್ಕ ಕತೆ ಹೇಳುವುದನ್ನೇ ಬಿಟ್ಟಳು. ಹೂಂ ಕೇಳಿಸದ ಮೇಲೆ ಎದುರಿಗೆ ಕೂತವರೆಲ್ಲ ಅವಳಿಗೆ ಗೋಡೆಗಳೇ. ಮನೆಗೆ ಬಂದವರತ್ತ ಸುಮ್ಮನೆ ನಗುತ್ತ, ಊಟಕ್ಕೆ ಏಳಿ ಎಂದಷ್ಟೇ ಹೇಳುತ್ತ ಕೂಡುತ್ತಿದ್ದಳು. ನಾನೇನು ಮಾಡಿದೆ? ಹೋಗುವುದನ್ನು ಕಡಿಮೆ ಮಾಡಿದೆ. ತಿಂಗಳಿಗೊಮ್ಮೆ ಹೋಗುತ್ತಿದ್ದವನು ದೀಪಾವಳಿಗೊಮ್ಮೆ ಹೋಗತೊಡಗಿದೆ. ಮೊಣಕಾಲು ಅಂದೆ, ಬಸ್ಸು ಅಂದೆ. ನಿಜ ಅಂದರೆ, ಅರ್ಧ ತಾಸು ಕೂಗಿ ಮಾತಾಡಿ, ಅವಳು ತಿಳಿದವಳಂತೆ ನಕ್ಕು, ಅವಳಿಗೆ ಏನೂ ತಿಳಿದಿಲ್ಲವೆಂದು ಇಬ್ಬರಿಗೂ ಗೊತ್ತಾಗುವ ಆ ಹೊತ್ತನ್ನು ನನಗೆ ಎದುರಿಸಲಾಗುತ್ತಿರಲಿಲ್ಲ. ತೊಂಡೆಬಳ್ಳಿಯ ಮುಂದೆ ನಾನು ಶೂರ. ಅಕ್ಕನ ಮುಂದೆ ಪುಕ್ಕಲ.

ಹೀಗಿರುವಾಗ ಈ ಮಳೆಗಾಲದ ಆರಂಭದಲ್ಲಿ ಋತುಜಾಳ ಫೋನು ಬಂತು. ಕಾಲೇಜಿನ ಸಭಾಂಗಣದಲ್ಲಿ ಕೂಟದವರು ಒಂದು ಕತ್ತಿವೀರನ ಚಿತ್ರ ತೋರಿಸುತ್ತಾರಂತೆ. ಹಳೆಯ ಪದ್ಧತಿಯಂತೆ ಪಕ್ಕದಲ್ಲಿ ನಿಂತು ಕತೆ ಹೇಳುವವರು ಬೇಕು.

"ಆಜೋಬಾ, ತುಮ್ಹೀಚ ಬೋಲಾ ನಾ," ಅಂದಳು. ಅಜ್ಜಾ, ನೀವೇ ಹೇಳಿ ಎಂದು ಅವಳು ಕೇಳಿ ಮುಗಿಸುವುದರೊಳಗೆ ನಾನು ಒಪ್ಪಿಯಾಗಿತ್ತು.

ಅವಳು ಚಿತ್ರದ ಹೆಸರು ಕಳಿಸಿದಳು. ನಾನು ಫೋನಿನಲ್ಲಿ ಹುಡುಕಿ, ಹನ್ನೆರಡು ಸಲ ನೋಡಿ, ಮರಾಠಿಯಲ್ಲಿ ಇಪ್ಪತ್ತು ಪುಟ ಬರೆದೆ. ನಾಯಕನಿಗೆ ಸಾಹೇಬರ ದನಿ, ಖಳನಿಗೆ ನೆರೆಮನೆಯ ಸೊಸೈಟಿ ಚೇರ್ಮನ್ನರ ದನಿ. ನಾಯಕಿಗೆ ಸಣ್ಣ ದನಿ ತೆಗೆಯುವುದನ್ನು ಬಚ್ಚಲಲ್ಲಿ ಅಭ್ಯಾಸ ಮಾಡುತ್ತಿದ್ದಾಗ ಹೆಂಡತಿ ಹೊರಗಿನಿಂದ, "ಒಳಗ ಯಾರಿದ್ದಾರ್ರಿ?" ಎಂದು ಕೇಳಿದಳು.

ಭಾನುವಾರ ಬೆಳಗಿನ ಹನ್ನೊಂದಕ್ಕೆ ಆಟ. ಕಿಟಕಿಗಳಿಗೆ ಕರಿ ಬಟ್ಟೆ ಕಟ್ಟಿದ್ದರು. ಐವತ್ತರವತ್ತು ಹುಡುಗ ಹುಡುಗಿಯರು. ಮೊದಲ ಸಾಲಿನಲ್ಲಿ ಇಳಕಲ್ ಸೀರೆ ಉಟ್ಟು ಅಕ್ಕ. ಕ್ಯಾಲೆಂಡರಿನ ಹಿಂಬದಿ ದೊಡ್ಡ ಅಕ್ಷರದಲ್ಲಿ "ಮಾತಿಲ್ಲದ ಸಿನಿಮಾ, ನೀ ಬಾ" ಎಂದು ಬರೆದು ತೋರಿಸಿ ಕರೆತಂದಿದ್ದೆ. ನಾನು ಬಿಳಿ ಜುಬ್ಬಾ ಹಾಕಿ, ಸೊಂಟಕ್ಕೆ ಛತ್ರಿ ಸಿಕ್ಕಿಸಿ, ಪರದೆಯ ಪಕ್ಕ ನಿಂತೆ.

ಚಿತ್ರ ಶುರುವಾಯಿತು. ನಾನು ಕಂಠ ಸರಿಮಾಡಿಕೊಂಡು, "ಇಗೋ, ನಾಯಕನ ವೃದ್ಧ ಮಾತೆ ಬರುತ್ತಿದ್ದಾಳೆ," ಎಂದು ಮರಾಠಿಯಲ್ಲಿ ಗದ್ಗದಿಸಿದೆ. ಪರದೆಯ ಮೇಲೆ ಕುದುರೆ ಬಂತು.

ಮಾತೆ ಹಿಂದೆ ಬರಬಹುದೆಂದು ಕಾದೆ. ಬರಲಿಲ್ಲ. ಮಳೆ ಬಂತು, ಒಬ್ಬ ಬಡವ ಕತ್ತಿವೀರ ಬಂದ, ಕಾಗದದ ಛತ್ರಿ ಹಿಡಿದಿದ್ದ. ನನ್ನ ಚಿತ್ರದಲ್ಲಿ ಮಳೆಯೇ ಇರಲಿಲ್ಲ. ನಾನು ಬೇರೆಯೇ ಚಿತ್ರಕ್ಕೆ ಹನ್ನೆರಡು ಸಲ ಅತ್ತಿದ್ದೆ. ಜಪಾನಿ ಅಕ್ಷರದ ಹೆಸರುಗಳು ನನ್ನ ಕಣ್ಣಿಗೆ ಎಲ್ಲವೂ ಗುಬ್ಬಿ ಗೂಡಿನ ಹಾಗೆ ಕಾಣುತ್ತವೆ. ಪಕ್ಕದ ಗೂಡಿಗೆ ಕೈ ಹಾಕಿದ್ದೆ. ಇಪ್ಪತ್ತು ಪುಟಗಳಲ್ಲಿ ಒಂದು ಸಾಲೂ ಕೆಲಸಕ್ಕೆ ಬರುವಂತಿರಲಿಲ್ಲ. ಹುಡುಗರು ನಗು ತಡೆದರು. ಸಭಾಂಗಣದಲ್ಲಿ ಈಗ ಚಿತ್ರವೂ ಮೂಕ, ಕತೆ ಹೇಳುವವನೂ ಮೂಕ.

ಆಗ ಮೊದಲ ಸಾಲಿನಿಂದ ದನಿ ಬಂತು. ತನ್ನ ದನಿ ಎಷ್ಟು ದೊಡ್ಡದೆಂದು ಅವಳಿಗೆ ಗೊತ್ತಿರಲಿಲ್ಲ. ಕೊನೆಯ ಸಾಲಿನವರೂ ತಿರುಗಿ ನೋಡಿದರು.

"ತಮ್ಮಾ, ಇಂವ ಕತ್ತಿ ಮರ್ತ ಬಂದಾನ. ಒರಿ ನೋಡು, ಖಾಲಿ ಅದ."

ನಿಜವಾಗಿಯೂ ಒರೆ ಖಾಲಿಯಿತ್ತು. ಆಮೇಲೆ ಋತುಜಾ ಹೇಳಿದ ಪ್ರಕಾರ, ಆ ನಾಯಕ ಒಡೆಯನ ಮೇಲೆ ಮುನಿದು ಕತ್ತಿಯನ್ನು ಅವನ ಬಾಗಿಲಲ್ಲೇ ಇಟ್ಟು ಬಂದವನು. ಅವನನ್ನು ಹಿಡಿದು ತರಲು ಸಿಪಾಯಿಗಳನ್ನು ಬಿಟ್ಟಿದ್ದಾರೆ. ಅಕ್ಕನಿಗೆ ಆ ಗೊಡವೆಯಿಲ್ಲ. ಅವಳಿಗೆ ನೆತ್ತಿಯ ಗಂಟು ಕಂಡಿತು, ಒರೆ ಕಂಡಿತು, ಅವನು ಪುರವಂತನೇ. ಲಾಂದ್ರ ಹಿಡಿದ ಸಿಪಾಯಿಗಳ ಗುಂಪು ಮೂಲೆಯಲ್ಲಿ ತಿರುಗಿದ್ದೇ ತಡ, ಅವಳು ನೆಟ್ಟಗೆ ಕೂತಳು.

"ಗುಗ್ಗಳ ಹೊಂಟದ. ಇಂವನ ಸಲೇಕ ಎಲ್ಲಾರೂ ಕಾದಾರ. ನೋಡು, ನಿಚ್ಚಣಿಕಿ ತಂದಾರ, ಹಗ್ಗ ತಂದಾರ. ಹಂದರ ಹಾಕೋ ಮಂದಿ ಅವರು."

ಏಣಿಯ ಒಗಟು ನನಗೆ ಎರಡು ದಿನ ಹಿಡಿದಿತ್ತು. ಅಕ್ಕನಿಗೆ ಎರಡು ಕ್ಷಣ ಸಾಕಾಯಿತು. ಮೈಕು ಹಿಡಿದು ಮೂಲೆಯಲ್ಲಿ ನಿಂತಿದ್ದ ಋತುಜಾ ನನ್ನತ್ತ ನೋಡಿದಳು, ಅಜ್ಜಿಯತ್ತ ನೋಡಿದಳು, ಮತ್ತೆ ಏನನ್ನೂ ಯೋಚಿಸದೆ ಅದನ್ನು ಹಾಗೆಯೇ ಮರಾಠಿಯಲ್ಲಿ ಹೇಳಿದಳು. ಸಭೆ ಗೊಳ್ಳೆಂದಿತು. ಅಕ್ಕನಿಗೆ ಅದು ಕೇಳಿಸಲಿಲ್ಲ, ಅವಳು ಪರದೆಯಿಂದ ಕಣ್ಣು ತೆಗೆಯಲೂ ಇಲ್ಲ.

ಈಗ ಸಿಪಾಯಿಗಳು ನಾಯಕನ ಮೇಲೆ ಬಿದ್ದರು.

"ಉಂಡು ಹೋಗು ಅಂತ ಜಗ್ಗಾಡ್ಲತ್ತಾರ," ಅಂದಳು ಅಕ್ಕ. "ಬ್ಯಾಡ್ರೀ, ಹೊತ್ತಾಗ್ಯದ ಅಂತ ಇಂವ ಛತ್ರಿ ಬೀಸ್ಲತ್ತಾನ. ನೋಡು, ನೋಡು, ಕಾಲಿಗಿ ಬಿದ್ದು ಕರೀಲತ್ತಾರ."

ನಾಯಕನ ಏಟಿಗೆ ಸಿಪಾಯಿಗಳು ಸಾಲುಸಾಲಾಗಿ ನೆಲಕ್ಕೆ ಬೀಳುತ್ತಿದ್ದರು. ಅಷ್ಟು ಭಯಂಕರ ಕಾಳಗವನ್ನು ಬೀಗರ ಉಪಚಾರವೆಂದು ಯಾರೂ ಯಾವ ದೇಶದಲ್ಲೂ ನೋಡಿರಲಾರರು. ನಮ್ಮ ಕಡೆ ಉಂಡು ಹೋಗು ಎಂದು ಕೈ ಹಿಡಿದು ಎಳೆಯುವವರನ್ನು ಕಂಡವರಿಗೆ ಅದರಲ್ಲಿ ಆಶ್ಚರ್ಯವೂ ಇಲ್ಲ. ನನ್ನ ಜುಬ್ಬಾದ ಒಂದು ತೋಳು ಭಾಲ್ಕಿಯಲ್ಲಿ ಹೀಗೆಯೇ ಹರಿದದ್ದು.

ಅಷ್ಟರಲ್ಲಿ ಅಕ್ಕ ತಟ್ಟನೆ ಕತೆ ನಿಲ್ಲಿಸಿದಳು. ಹಳೆಯ ಅಭ್ಯಾಸ, ನಾಲಿಗೆ ತಾನಾಗಿ ಕೇಳಿತು. "ಹೂಂ ಯಾರು ಅಂತೀರಿ?"

ಕೇಳಿದವಳಿಗೆ ಆಮೇಲೆ ನೆನಪಾಯಿತು. ಪರದೆಯ ಬೆಳಕಿನಲ್ಲಿ ಅವಳ ಮುಖ ಕಂಡಿತು. ಮನೆಗೆ ಬಂದವರ ಮುಂದೆ ನಗುತ್ತಾಳಲ್ಲ, ಆ ನಗೆ ಅವಳ ತುಟಿಗೆ ಮರಳಿ ಬರುತ್ತಿತ್ತು. ಅದನ್ನು ನಾನು ಇನ್ನೊಮ್ಮೆ ನೋಡಲಾರೆ ಅನಿಸಿತು. ಪುಟಗಳನ್ನು ಅಲ್ಲೇ ಬಿಟ್ಟು ಕೆಳಗಿಳಿದು ಅವಳ ಪಕ್ಕದ ಕುರ್ಚಿಯಲ್ಲಿ ಕೂತೆ. ಅವಳ ಕೈ ಹಿಡಿದು ಒಮ್ಮೆ ಒತ್ತಿದೆ.

ಅವಳು ನನ್ನತ್ತ ತಿರುಗಿದಳು. ಇನ್ನೊಮ್ಮೆ ಒತ್ತಿದೆ. ಹೂಂ.

ಅವಳಿಗೆ ತಿಳಿಯಿತು. ಕತೆ ಹೊರಟಿತು ನೋಡಿ, ಆರು ವರ್ಷ ಕಟ್ಟಿಹಾಕಿದ್ದು. ಛತ್ರಿ ಹರಿಯಿತು, ಏಣಿ ಮುರಿಯಿತು, ಪುರವಂತ ಮಾಳಿಗೆಯಿಂದ ಮಾಳಿಗೆಗೆ ಹಾರಿದ. ಅಕ್ಕ ಹೇಳಿದಳು, ಋತುಜಾ ಮರಾಠಿಯಲ್ಲಿ ಹಿಂಬಾಲಿಸಿದಳು, ನಾನು ಒತ್ತುತ್ತ ಹೋದೆ. ಹಿಂದಿನ ಸಾಲಿನ ಹುಡುಗರು ಕೂಡ ಹೂಂ ಅನ್ನತೊಡಗಿದರು. ಅಷ್ಟೂ ಹೂಂಗಳನ್ನು ನನ್ನ ಎರಡು ಬೆರಳು ಅವಳಿಗೆ ಮುಟ್ಟಿಸಿದವು.

ಪುರವಂತ ಒಂದು ಗುಡಿಸಿಲ ಬಾಗಿಲಿಗೆ ಬಂದ. ಬಾಗಿಲು ತೆರೆಯಿತು. ಒಳಗೊಬ್ಬ ಹೆಂಗಸಿನ ನೆರಳು. ಅಲ್ಲಿಗೆ ಪರದೆ ಬೆಳ್ಳಗಾಯಿತು.

ಪ್ರೊಜೆಕ್ಟರ್ ಕೆಟ್ಟದ್ದಲ್ಲವಂತೆ, ಚಿತ್ರ ಉಳಿದಿರುವುದೇ ಅಷ್ಟು. ಆ ಕಾಲದ ಎಷ್ಟೋ ಚಿತ್ರಗಳು ಸುಟ್ಟುಹೋಗಿ, ಹಾಳಾಗಿ, ತುಂಡು ತುಂಡಾಗಿ ಮಾತ್ರ ಸಿಗುತ್ತವೆ. ಇದರ ಕೊನೆಯ ಸುರುಳಿ ಎಲ್ಲೂ ಇಲ್ಲ. ಇದನ್ನು ಋತುಜಾ ಸಭೆಗೆ ಹೇಳಬೇಕಾಗಿತ್ತು. ಹೇಳಲಿಲ್ಲ. ಅವಳು ಮೈಕು ಕೆಳಗಿಟ್ಟು ಅಜ್ಜಿಯ ಮುಂದೆ ಮಂಡಿಯೂರಿ ಕೂತು, ಬಿಡಿಸಿ ಬಿಡಿಸಿ ಕೇಳಿದಳು.

"ಮುಂದ, ಆಜಿ? ಮುಂದೇನಾತು?"

ಅವಳ ಬಾಯಿಂದ ನಾನು ಕೇಳಿದ ಮೊದಲ ಕನ್ನಡ. ಅಕ್ಕನಿಗೆ ಅದು ಕೇಳಿಸಲಿಲ್ಲ ಎಂಬುದು ಈಗಲೂ ನನ್ನ ಎದೆಯಲ್ಲಿ ಚುಚ್ಚುತ್ತದೆ. ಆದರೆ ಅವಳು ಮೊಮ್ಮಗಳ ತುಟಿ ನೋಡಿದಳು, ನನ್ನ ಕೈ ಹಿಡಿದೇ ಇದ್ದಳು.

"ಮುಂದೇನು? ಅದು ಅವನ ಅಕ್ಕನ ಮನಿ," ಅಂದಳು. "ಕತ್ತಿ ಅಂವ ಮರ್ತಿದ್ದಿಲ್ಲ. ಅಕ್ಕನೇ ತೆಗೆದು ಜ್ವಾಳದ ಚೀಲದಾಗ ಮುಚ್ಚಿಟ್ಟಿದ್ಳು."

ನಾನು ಒತ್ತಲು ಮರೆತೆ.

"ಕತ್ತಿ ಸೊಂಟದಾಗಿದ್ರ ತಮ್ಮಗ ಊರೂರು ಕಾಣ್ತಾವ, ಅಕ್ಕನ ಮನಿ ಕಾಣಂಗಿಲ್ಲ. ಕತ್ತಿ ಇಲ್ಲೇ ಉಳಿದ್ರ ತಗೊಂಡ್ ಹೋಗ್ಲಿಕ್ಕರೆ ಬರ್ತಾನ." ಎಂದವಳು ನನ್ನ ಕೈ ಅಲುಗಿಸಿದಳು. "ಮಲಗಿದಿ ಏನು? ಹೂಂ ಅನ್ನು."

ಒತ್ತಿದೆ. ಐವತ್ತೈದು ವರ್ಷ ತಡವಾಗಿ ಕತೆ ಮುಗಿಯಿತು. ದೀಪ ಹಾಕಿದಾಗ ಹುಡುಗರೆಲ್ಲ ಎದ್ದು ನಿಂತು ಚಪ್ಪಾಳೆ ತಟ್ಟುತ್ತಿದ್ದರು. ಅಕ್ಕ ನನ್ನನ್ನು ಕೇಳಿದಳು, ಊಟಕ್ಕೆ ಎದ್ದಾರೇನು ಎಂದು.

ಮನೆಗೆ ಬಂದು ಉಂಡು, ನಾಲ್ಕರ ಬಸ್ಸು ಹಿಡಿದೆ. ವೈಜಾಪುರದಲ್ಲಿ ಮಳೆ ಹನಿಯಿತು. ಕೈ ತಾನಾಗಿ ಎಡಸೊಂಟಕ್ಕೆ ಹೋಯಿತು. ಛತ್ರಿ ಇರಲಿಲ್ಲ.

ಮುಂದಿನ ಭಾನುವಾರ ತರಲು ಹೋದೆ. "ಇಲ್ಲೇ ಎಲ್ಲೋ ಇಟ್ಟೀನಿ, ಮುಂದಿನ ಸಲ ಬಂದಾಗ ಹುಡುಕೋಣು," ಎಂದು ಅಕ್ಕ ನನ್ನನ್ನು ಮೊರದ ಮುಂದೆ ಕೂಡಿಸಿ, ಕೈ ಹಿಡಿದು, ಒಂದು ಹೊಸ ಕತೆ ತೆಗೆದಳು. ಒಂದು ಕೈ ಅವಳಲ್ಲಿ ಸಿಕ್ಕಿಬಿದ್ದರೆ ಜೋಳ ಆರಿಸಲು ಇನ್ನೊಂದೇ ಕೈ. ಈ ಸಲವೂ ಮುಕ್ಕಾಲು ಪಾಲು ನಾನೇ ಆರಿಸಿದೆ. ಅದರ ಮುಂದಿನ ಎರಡು ಸಲವೂ ಹಾಗೆಯೇ ಆಯಿತು.

ಹೋದ ವಾರ ರೊಟ್ಟಿಗೆ ಜೋಳ ಒಯ್ಯಲು ಹೇಳಿ ಅಕ್ಕ ಅಡಿಗೆಮನೆಗೆ ಹೋದಳು. ನಾನು ಮೂಲೆಯ ಚೀಲಕ್ಕೆ ಕೈ ಹಾಕಿದೆ. ಭಾಲ್ಕಿಯಿಂದ ಈಗಲೂ ಬರುವ ಚೀಲ. ನಾಲ್ಕು ಬೊಗಸೆ ತೆಗೆದಿದ್ದೆ ಅಷ್ಟೆ, ಬಾಗಿದ ಬಿದಿರಿನ ಹಿಡಿಕೆ ಬೆರಳಿಗೆ ತಾಗಿತು.

ಅಡಿಗೆಮನೆಯತ್ತ ಒಮ್ಮೆ ನೋಡಿದೆ. ಆಮೇಲೆ ತೆಗೆದ ಜೋಳದಲ್ಲಿ ಎರಡು ಬೊಗಸೆ ತಿರುಗಿ ಅದರ ಮೇಲೆ ಸುರಿದು, ಹಿಡಿಕೆ ಕಾಣದಂತೆ ಸಪಾಟು ಮಾಡಿ, ಚೀಲದ ಬಾಯಿ ಕಟ್ಟಿದೆ.

ಹೊರಡುವಾಗ ಅಕ್ಕ ಬಾಗಿಲವರೆಗೆ ಬಂದಳು. ಹೊರಗೆ ಮೋಡ ಕಟ್ಟಿತ್ತು.

"ಎಲ್ಲಾ ತಗೊಂಡಿ ಇಲ್ಲೋ, ತಮ್ಮಾ?" ಅಂದಳು.

ನಾನು ಅವಳ ಕೈ ಹಿಡಿದು, ಹೂಂ ಎಂದು ಒತ್ತಿದೆ.